ಆಂದ್ರೇಯಾಸನ ಪಾಲಿನ ಗೋಧಿ

ಡಲ್ಲಾಸ್ ಪಕ್ಕದ ಫಾರ್ಮರ್ಸ್ ಬ್ರಾಂಚಿನಲ್ಲಿ ಯಾವ ಗ್ರೀಕರ ಮನೆಯಲ್ಲಿ ಸಾವಾದರೂ ಗೋಧಿ ಬೇಯಿಸಿಕೊಡುವವಳು ದೆಸ್ಪಿನಾ. ನಮ್ಮಲ್ಲಿ ತಿಥಿಗೆ ಪಿಂಡ ಹೇಗೋ, ಅವರಲ್ಲಿ ಸತ್ತವರ ಹೆಸರಿನಲ್ಲಿ ದ್ರಾಕ್ಷಿ, ದಾಳಿಂಬೆ ಬೆರೆಸಿದ ಗೋಧಿ ಹಾಗೆ. ಆದರೆ ಸ್ವಂತ ಅಣ್ಣ ಆಂದ್ರೇಯಾಸನಿಗೆ ಮಾತ್ರ ಅವಳು ಒಂದು ಕಾಳನ್ನೂ ನೆನೆಹಾಕಿರಲಿಲ್ಲ. ಸಾವಿರದ ಒಂಬೈನೂರ ಎಪ್ಪತ್ತನಾಲ್ಕರಲ್ಲಿ ಟರ್ಕಿಯ ಸೈನ್ಯ ಅವರ ಹುಟ್ಟುನೆಲವಾದ, ಗ್ರೀಕರೂ ಟರ್ಕರೂ ಇದ್ದ ಸೈಪ್ರಸ್ ದ್ವೀಪಕ್ಕೆ ಇಳಿದಾಗ ಕಾಣೆಯಾದವನು ಅವನು. "ಹೆಣ ನೋಡಿದ್ದೀರಾ? ಇಲ್ಲ ತಾನೆ? ಹಾಗಾದ್ರೆ ಸುಮ್ಮನಿರಿ," ಎಂದು ಪಾದ್ರಿಯನ್ನೇ ಗದರಿಸಿದ್ದಳು.

ಮೊನ್ನೆ ಸೈಪ್ರಸ್‌ನಿಂದ ಫೋನ್ ಬಂತು. ಹಾಳುಬಾವಿಯೊಂದರಲ್ಲಿ ಸಿಕ್ಕ ಮೂಳೆಗಳು ಆಂದ್ರೇಯಾಸನವೇ ಅಂತೆ.

ಗೋಧಿ ಆರಿಸಿಕೊಡಲು ಪಕ್ಕದ ಬೀದಿಯ ನೆರಿಮಾನ್ ಬಂದಳು. ಅವಳೂ ಅದೇ ದ್ವೀಪದವಳು, ಆದರೆ ಟರ್ಕರ ಮನೆಯವಳು. ಅರವತ್ತನಾಲ್ಕರಲ್ಲಿ ಅವಳ ಅಪ್ಪನನ್ನು ಬಂದೂಕು ಹಿಡಿದ ಗ್ರೀಕರು ಬಸ್ಸಿನಿಂದ ಇಳಿಸಿಕೊಂಡು ಹೋಗಿದ್ದರು, ಇವತ್ತಿಗೂ ಪತ್ತೆಯಿಲ್ಲ. ಇವರಿಬ್ಬರ ಪರಿಚಯ ಶುರುವಾಗಿದ್ದೇ ಜಗಳದಿಂದ, ಮೊದಲು ಕೊಂದವರು ಯಾರು ಎಂದು. ಇಬ್ಬರೂ ಬಾಗಿಲು ನೋಡುತ್ತ ಕೂತವರೇ ಎಂದು ಗೊತ್ತಾದ ದಿನ ಆ ಜಗಳ ತಾನಾಗಿ ನಿಂತುಹೋಯಿತು.

ಆರಿಸುತ್ತಿದ್ದ ನೆರಿಮಾನ್ ಚೀಲದಿಂದ ಇನ್ನೊಂದು ಹಿಡಿ ಗೋಧಿ ತೆಗೆದಳು. "ನಮ್ಮಪ್ಪನ ಹೆಸರಲ್ಲೂ ಇದಿಷ್ಟು ಹಾಕಿಬಿಡ್ಲಾ? ಇದ್ದಿದ್ರೆ ನೂರು ದಾಟಿರ್ತಿತ್ತು. ಸಾಕಾಗಿದೆ ಕಣೇ."

ದೆಸ್ಪಿನಾ ಅವಳ ಮುಷ್ಟಿ ಬಿಡಿಸಿ, ಕಾಳುಗಳನ್ನು ಮತ್ತೆ ಚೀಲಕ್ಕೇ ಸುರಿದಳು.

"ಬೇಡ ಕಣೇ. ನನಗಂತೂ ಮುಗೀತು. ಕಾಯೋದಕ್ಕೆ ನಿನಗಾದ್ರೂ ಒಬ್ರು ಇರ್ಲಿ."