ಅಕ್ಕಿಯ ಮೇಲೆ ಬರೆದ ಹೆಸರು

ಮದುವೆ ಮಾತಿಗೆ ಕುಳಿತವರು ಮೊದಲು ಬಂಗಾರದ ಮಾತು ತೆಗೆಯುತ್ತಾರೆ. ತಂಗಿಯರೇ, ನೀವು ಮೊದಲು ಹೆಸರಿನ ಮಾತು ಮುಗಿಸಿಕೊಳ್ಳಿ. ಬಂಗಾರ ಆಮೇಲೂ ಮಾಡಿಸಿಕೊಳ್ಳಬಹುದು.

ನಾನು ಚಿಕ್ಕವಳಿದ್ದಾಗ ಅವ್ವನ ಜೊತೆ ಅವಳ ತವರು ದಂಡೋತಿಗೆ ಹೋಗಿದ್ದೆ. ಬಸ್ಸು ಇಳಿದು ನಡೆಯುವಾಗ ಮುದುಕಿಯೊಬ್ಬಳು ನಾನು ಎಂದೂ ಕೇಳಿರದ ಹೆಸರು ಹಿಡಿದು ಹಿಂದಿನಿಂದ ಕೂಗಿದಳು. ಅವ್ವ ಗಕ್ಕನೆ ತಿರುಗಿದಳು. ಮನೆಯಲ್ಲಿ ಅಪ್ಪ ಎಷ್ಟು ಕೂಗಿದರೂ ನಿಧಾನಕ್ಕೆ ಓಗೊಡುವವಳು ಅವತ್ತು ಓಡಿಹೋಗಿ ಆ ಮುದುಕಿಯನ್ನು ತಬ್ಬಿಕೊಂಡಳು. ಅವ್ವನದೆಂದು ನಮಗೆ ಗೊತ್ತಿದ್ದ ಹೆಸರು ಮದುವೆಯ ದಿನ ತಾಟಿನ ಅಕ್ಕಿಯ ಮೇಲೆ ಅಪ್ಪ ಉಂಗುರದಿಂದ ಬರೆದದ್ದು ಎಂದು ಆಗ ತಿಳಿಯಿತು. ಮೊದಲಿನದು ಯಾಕೆ ಬಿಟ್ಟೆ ಎಂದರೆ, ನನ್ನನ್ನು ಯಾರು ಕೇಳಿದರು ಅಂದಳು. ನನಗೆ ಈಗಲೂ ಸಿಟ್ಟು ಬರುತ್ತದೆ. ಎಮ್ಮೆ ಕೊಂಡವರು ಕೂಡ ಅದರ ಹಳೆಯ ಹೆಸರು ಕೇಳಿಕೊಂಡೇ ಹಗ್ಗ ಹಿಡಿಯುತ್ತಾರೆ.

ಶಹಾಬಾದಿನಲ್ಲಿ ನಾನು ನೆಲಕ್ಕೆ ಹಾಸುವ ಫರಸಿ ಕಲ್ಲಿನ ವ್ಯಾಪಾರಕ್ಕೆ ಇಳಿದಾಗ, ಗಂಡಸರು ಯಾರೂ ಇಲ್ಲೇನು ಎಂದು ಗಿರಾಕಿಗಳು ನನ್ನನ್ನು ದಾಟಿ ಒಳಗೆ ಇಣುಕುತ್ತಿದ್ದರು. ಬಿಸಿಲಲ್ಲಿ ನಿಂತು ಚೌಕಾಸಿ ಮಾಡಿ, ಒಡೆದ ಕಲ್ಲು ಬದಲಿಸಿಕೊಟ್ಟು ಹೆಸರು ಗಳಿಸಿದೆ. ಈಗ ಚಿಂಚೋಳಿ, ಕಾಳಗಿ ಕಡೆಯ ಲಾರಿಯವರು ನನ್ನ ಹೆಸರು ಕೇಳಿಕೊಂಡೇ ಬರುತ್ತಾರೆ.

ಹೋದ ವರ್ಷ ಸೇಡಂನವರು ನನ್ನನ್ನು ನೋಡಿ ಒಪ್ಪಿದರು. ಹುಡುಗ ನನ್ನ ಮನಸ್ಸಿಗೂ ಬಂದಿದ್ದ. ಚುರುಮುರಿ ಸುಸಲಾ ತಿಂದು ಕೈ ತೊಳೆದು ಬಂದ ಅವನ ದೊಡ್ಡಪ್ಪ, ಸೊಸೆಗೆ ಹೊಸ ಹೆಸರು ಗೊತ್ತು ಮಾಡಿ ಆಗಿದೆ ಎಂದರು, ಸಕ್ಕರೆ ಹಂಚುವವರ ಹಾಗೆ. ಹುಡುಗನ ಹೆಸರೂ ಬದಲಾಗುತ್ತದೇನು ಎಂದು ಕೇಳಿದೆ. ಅವರು ನಕ್ಕರು.

“ಗಂಡ್ಸರ ಹೆಸರು ಯಾಕ ಬದಲಿ ಆಗ್ತದವ್ವ? ಅಂವಗ ಊರೆಲ್ಲ ಗುರ್ತು ಹಿಡೀತಾದ.”

“ನನಗೂ ಹಿಡೀತಾದ್ರಿ. ಕಲ್ಲಿನ ರೇಟು ಬೇಕಾದ್ರ ಇಳಸ್ತೀನಿ, ಹೆಸರು ಬಿಡಂಗಿಲ್ಲ.”

ಅಪ್ಪ ಕಣ್ಣಲ್ಲೇ ಗದರಿಸಿದ. ಮನೆಯಲ್ಲಿ ಒಂದು, ವ್ಯಾಪಾರಕ್ಕೆ ಒಂದು ಇರಲಿ ಎಂದು ದೊಡ್ಡಪ್ಪ ಅರ್ಧಕ್ಕೆ ಬಂದರು. ಅರ್ಧಕ್ಕೆ ಕುದುರಿಸುವುದೇ ನನ್ನ ಕಸುಬು, ಆದರೂ ಒಪ್ಪಲಿಲ್ಲ. ಹುಡುಗ ನೆಲ ನೋಡುತ್ತ ಕುಳಿತಿದ್ದ. ಆಗ ಬಾಗಿಲ ಮರೆಯಲ್ಲಿದ್ದ ಅವ್ವ ಚಹಾದ ತಾಟು ಹಿಡಿದು ನಡುಮನೆಗೆ ಬಂದಳು. ಬಂದವರ ಎದುರು ಅವಳು ಬಾಯಿ ತೆರೆದದ್ದನ್ನು ನಾನು ಕಂಡಿರಲಿಲ್ಲ.

“ನನ್ನ ಹೆಸರು ಕೇಳ್ಲಾರ್ದ ತಗೊಂಡ್ರು. ಅಕಿ ತನ್ನ ಹೆಸರು ಕೊಡಂಗಿಲ್ಲ ಅನ್ಲಿಕತ್ತಾಳ. ಚಾ ಕುಡೀರಿ.”

ಕುಡಿದು ಹೋದವರು ತಿರುಗಿ ಬರಲಿಲ್ಲ. ಬೇಸರವಾಯಿತು, ಸುಳ್ಳು ಯಾಕೆ ಹೇಳಲಿ. ಆದರೆ ನೆಲ ನೋಡುವವನ ಜೊತೆ ಬಾಳುವೆ ನಷ್ಟದ ವ್ಯಾಪಾರ. ಮರುದಿನ ರೊಟ್ಟಿ ಬಡಿಯುತ್ತಿದ್ದ ಅವ್ವನನ್ನು ದಂಡೋತಿಯ ಹೆಸರು ಹಿಡಿದು ಕೂಗಿದೆ. ಗಕ್ಕನೆ ತಿರುಗಿದಳು. ನಾನೆಂದು ತಿಳಿದ ಮೇಲೆ, ಹೆತ್ತವ್ವನ ಹೆಸರು ಹಿಡಿಯುತ್ತೀಯಾ ಎಂದು ಹಿಟ್ಟಿನ ಕೈ ಎತ್ತಿ ಬೈದಳು.