ಬೆಟ್ಟದ ಕಳ್ಳರು, ಪೀಣ್ಯದ ತಿಜೋರಿ

ಹಿಮದ ಬೆಟ್ಟದಲ್ಲಿ ಬ್ಯಾಂಕಿಗೆ ಕನ್ನ ಹಾಕುವ ಸಿನಿಮಾ ಬಂದಿದೆ ಅಂದರೆ ಆ ಕಾಲದಲ್ಲಿ ನಾನು ಊಟ ಬಿಟ್ಟಾದರೂ ಹೋಗುತ್ತಿದ್ದೆ. ಪ್ರೇಮದ ಕಥೆ, ದೇವರ ಕಥೆ, ಚಿಕ್ಕಂದಿನಲ್ಲಿ ತಪ್ಪಿಸಿಕೊಂಡ ಅಣ್ಣತಮ್ಮಂದಿರು ಕೊನೆಯ ರೀಲಿನಲ್ಲಿ ತಬ್ಬಿಕೊಳ್ಳುವ ಕಥೆ, ಇವು ಯಾವುದೂ ನನಗೆ ಬೇಡ. ಒಂದು ಬೆಟ್ಟ ಇರಬೇಕು, ಅದರ ಮೇಲೊಂದು ಊರು, ಊರಿಗೆ ಒಂದೇ ದಾರಿ, ಊರಿನ ಬ್ಯಾಂಕಿನಲ್ಲಿ ಒಂದು ತಿಜೋರಿ, ಅದರ ಮೇಲೆ ಕಣ್ಣಿಟ್ಟ ನಾಲ್ಕೈದು ಜನ ಕಳ್ಳರು. ಅಷ್ಟಿದ್ದರೆ ನಾಯಕಿ ಇಲ್ಲದಿದ್ದರೂ ನಡೆಯುತ್ತಿತ್ತು. ಕಳ್ಳರು ಹಗ್ಗ ಹಿಡಿದು ಬಂಡೆ ಏರುವಾಗ ನಾನು ಬಾಯಲ್ಲಿಟ್ಟ ಬೀಡಿ ಹಚ್ಚುವುದನ್ನೂ ಮರೆಯುತ್ತಿದ್ದೆ.

ಈ ಹುಚ್ಚಿಗೆ ಕಾರಣ ನನ್ನ ಕೆಲಸ. ಎಪ್ಪತ್ತರ ದಶಕ ಮುಗಿಯುತ್ತಿದ್ದ ಕಾಲ ಅದು. ಪೀಣ್ಯದಲ್ಲಿ ತಿಜೋರಿ ತಯಾರಿಸುವ ಒಂದು ಸಣ್ಣ ಕಾರ್ಖಾನೆಯಲ್ಲಿ, ಬೀಗದ ಸೆಕ್ಷನ್ನಿನಲ್ಲಿ ನಾನು ಫಿಟ್ಟರ್. ಬೀಗದೊಳಗಿನ ಹಿತ್ತಾಳೆಯ ಪಟ್ಟಿಗಳನ್ನು ಅರ ಹಾಕಿ ಉಜ್ಜಿ, ಬೀಗದ ಕೈ ತಿರುಗಿಸಿದಾಗ ಎಲ್ಲವೂ ಒಂದೇ ಮಟ್ಟಕ್ಕೆ ಏಳುವ ಹಾಗೆ ಕೂರಿಸುವುದು ನನ್ನ ಪಾಲಿನ ಕೆಲಸ. ಹಾಗಾಗಿ ತೆರೆಯ ಮೇಲೆ ಯಾರು ಯಾವ ದೇಶದ ತಿಜೋರಿಗೆ ಕೈ ಹಾಕಿದರೂ ನನ್ನ ಮನೆ ಬಾಗಿಲಿಗೆ ಬಂದು ಕೆಣಕಿದಂತೆ ಆಗುತ್ತಿತ್ತು. ಬೇರೆಯವರು ನಾಯಕನನ್ನು ನೋಡುತ್ತಿದ್ದರು, ಕೆಲವರು ಕಳ್ಳನನ್ನು. ನಾನು ತಿಜೋರಿಯ ಕಡೆಯವನು.

ಭಾನುವಾರದ ಮಾರ್ನಿಂಗ್ ಶೋಗೆ ನಾವು ಮೂರು ನಾಲ್ಕು ಜನ ಬಸ್ ಹಿಡಿದು ಮೆಜೆಸ್ಟಿಕ್ಕಿಗೆ ಹೋಗುತ್ತಿದ್ದೆವು. ನಮ್ಮ ಸೆಕ್ಷನ್ನಿನ ಮೇಸ್ತ್ರಿಯೂ ಬರುತ್ತಿದ್ದರು. ಐವತ್ತು ದಾಟಿದ ಮನುಷ್ಯ, ಕೈ ಬೆರಳು ಸಣ್ಣಗೆ, ಮಾತು ಒರಟು. ಇಂಗ್ಲಿಷ್ ಸಿನಿಮಾದ ಮಾತು ನಮಗ್ಯಾರಿಗೂ ಅರ್ಥವಾಗುತ್ತಿರಲಿಲ್ಲ, ಅದರ ಅವಶ್ಯಕತೆಯೂ ಇರಲಿಲ್ಲ. ಕಳ್ಳ ತಿಜೋರಿಯ ಬಾಗಿಲಿಗೆ ಕಿವಿ ಇಟ್ಟು, ಕಣ್ಣು ಮುಚ್ಚಿ, ಎರಡೇ ನಿಮಿಷಕ್ಕೆ ಬೀಗ ತೆಗೆದುಬಿಟ್ಟರೆ ಮೇಸ್ತ್ರಿ ಸುಮ್ಮನೆ ಕೂರುತ್ತಿರಲಿಲ್ಲ.

"ಏನಯ್ಯಾ ಇವನು, ಬೀಗ ತೆಗೀತಾನೋ, ಎದೆ ಬಡಿತ ನೋಡ್ತಾನೋ? ಡಾಕ್ಟ್ರಾಗೋದು ಬಿಟ್ಟು ಚಳೀಲಿ ಯಾಕ್ ಸಾಯ್ತಾನೆ?"

ಮುಂದಿನ ಸಾಲಿನವರು ತಿರುಗಿ ದುರುಗುಟ್ಟುತ್ತಿದ್ದರು. ಮೇಸ್ತ್ರಿ ಅವರಿಗೂ ಬೀಗದ ಪಾಠ ಶುರು ಮಾಡುತ್ತಿದ್ದರು.

ಈ ಕಥೆಗಳು ಯಾಕೆ ಬೆಟ್ಟದಲ್ಲೇ ನಡೆಯುತ್ತವೆ ಅನ್ನುವುದಕ್ಕೆ ನನ್ನದೊಂದು ಲೆಕ್ಕಾಚಾರವಿತ್ತು. ಬಯಲಿನಲ್ಲಿ ಕದ್ದವನು ಮುಂದಿನ ಬಸ್ ಹತ್ತಿ ಮಾಯವಾಗುತ್ತಾನೆ, ಸಿನಿಮಾ ಅಲ್ಲಿಗೆ ಮುಗಿಯಿತು. ಬೆಟ್ಟದಲ್ಲಿ ಕದಿಯುವುದು ಅರ್ಧ ಕೆಲಸ ಮಾತ್ರ, ಇಳಿಯುವುದು ಇನ್ನರ್ಧ. ಆ ಇನ್ನರ್ಧದಲ್ಲಿ ಕಳ್ಳರು ಯಾವತ್ತೂ ಸೋಲುತ್ತಿದ್ದರು. ಚೀಲ ಕಂದರಕ್ಕೆ ಬೀಳುತ್ತಿತ್ತು, ಇಲ್ಲವೇ ಹಿಮ ಕುಸಿದು ಎಲ್ಲವನ್ನೂ ಮುಚ್ಚುತ್ತಿತ್ತು. ಒಂದು ಸಿನಿಮಾದಲ್ಲಂತೂ ಚಿನ್ನ ಹೊತ್ತ ಹೇಸರಗತ್ತೆ ಕಳ್ಳರನ್ನು ಬಿಟ್ಟು ತನ್ನ ಪಾಡಿಗೆ ತಾನು ಪೊಲೀಸ್ ಠಾಣೆಯ ಕಡೆ ನಡೆದು ಹೋಯಿತು. ಕದ್ದದ್ದು ಮನೆ ಸೇರಿದ ಒಂದು ಸಿನಿಮಾವನ್ನೂ ನಾನು ನೋಡಿದ ನೆನಪಿಲ್ಲ. ನಾವು ಗೆದ್ದವರ ಹಾಗೆ ಹೊರಗೆ ಬಂದು ಮಸಾಲೆ ದೋಸೆ ತಿನ್ನುತ್ತಿದ್ದೆವು. ನಾನು ಮಾಗಡಿ ಕಡೆಯವನು, ನಮ್ಮ ಬೆಟ್ಟಗಳಲ್ಲಿ ಮೇಕೆ ಬಿಟ್ಟರೆ ಏನೂ ಇಲ್ಲ, ಹಿಮ ಹೇಗಿರುತ್ತದೋ ಇಂದಿಗೂ ಮುಟ್ಟಿ ನೋಡಿಲ್ಲ. ಆದರೂ ಆ ದೋಸೆ ತಿನ್ನುವಾಗ ಬೆಟ್ಟ ಇಳಿದು ಬಂದವರ ಹಸಿವು ಇರುತ್ತಿತ್ತು.

ನಾನು ಮದುವೆಯಾಗಿ ಚಿಕ್ಕಬಾಣಾವರದಲ್ಲಿ ಬಾಡಿಗೆಗಿದ್ದೆ. ಒಂದೇ ಸಾಲಿನಲ್ಲಿ ನಾಲ್ಕು ಮನೆ, ಹಿಂದೆ ಸ್ವಲ್ಪ ರಾಗಿ ಹೊಲ. ಮನೆಗಳೂ ಹೊಲವೂ ಪಕ್ಕದ ಹಳೇ ಹೆಂಚಿನ ಮನೆಯ ಅಮ್ಮನವು. ನಾವೆಲ್ಲ ಅವರನ್ನು ಓನರಮ್ಮ ಅನ್ನುತ್ತಿದ್ದೆವು. ಉಳಿದ ಜಮೀನು ಕಾರ್ಖಾನೆಗಳಿಗೆ ಹೋಗಿತ್ತು. ಗಂಡ ತೀರಿಕೊಂಡು ಎಂಟು ವರ್ಷ, ಒಬ್ಬನೇ ಮಗ. ಆ ಅಮ್ಮ ನಗುವುದು ನನಗೆ ತುಂಬ ಇಷ್ಟ, ಬಾಯಿಗೆ ಸೆರಗು ಅಡ್ಡ ಹಿಡಿದು ಭುಜ ಕುಣಿಸಿ ನಗುತ್ತಿದ್ದರು. ಆದರೆ ಭಾವ, ಓರಗಿತ್ತಿ ಅಂತ ಗಂಡನ ಕಡೆಯವರು ಊರಲ್ಲೇ ಇದ್ದರು. ಅವರು ಬಂದರೆ ಈ ಅಮ್ಮ ಅಡಿಗೆಮನೆಯ ಬಾಗಿಲು ದಾಟುತ್ತಿರಲಿಲ್ಲ.

ಒಮ್ಮೆ ಊರಾಚೆಯ ಟೆಂಟಿಗೆ ಬೆಟ್ಟದ ಕಳ್ಳರ ಒಂದು ಹಿಂದಿ ಸಿನಿಮಾ ಬಂತು. ನನ್ನ ಹೆಂಡತಿ ಓನರಮ್ಮನನ್ನು ಬಲವಂತ ಮಾಡಿ ಫಸ್ಟ್ ಶೋಗೆ ಹೊರಡಿಸಿದಳು. ಟೆಂಟಿನ ಮರಳಿನ ಮೇಲೆ ಕೂತು, ಕಳ್ಳರು ಮೂಗಿನವರೆಗೆ ಹಿಮದಲ್ಲಿ ಹೂತು ಏರುವುದನ್ನು ಓನರಮ್ಮ ಬಹಳ ಹೊತ್ತು ನೋಡಿದರು.

"ಅಲ್ಲ ಕಣಪ್ಪ," ಅಂದರು ನನ್ನ ಕಡೆ ತಿರುಗಿ, "ಆ ಚಳೀಲಿ ಅಷ್ಟೆತ್ರ ಅತ್ತಿ ಕದಿಯೋ ಬದ್ಲು, ಅದೇ ಮೈಕೈ ನೋವ್ನಾಗೆ ಒಂದೆಕ್ರೆ ರಾಗಿ ಬೆಳೀಬೋದಿತ್ತಲ್ಲ."

ನಾನು ನಕ್ಕುಬಿಟ್ಟೆ. ವಾಪಸ್ ಬರುವಾಗ ಅವರು ಇನ್ನೊಂದು ಕೇಳಿದರು: "ನೀವ್ ಮಾಡೋ ತಿಜೋರೀನೂ ಇಂಗೇ ತಗೀಬೋದಾ?" ನನ್ನ ಬಾಯಿಗೆ ಬೀಗ ಇದ್ದಿದ್ದರೆ ಚೆನ್ನಾಗಿತ್ತು. ಅಂಥ ಹತ್ತು ಜನ ಕಳ್ಳರು ಬಂದರೂ, ಅವರ ತಾತ ಬಂದರೂ ಆಗುವುದಿಲ್ಲ ಎಂದು ಮನೆ ಬಾಗಿಲವರೆಗೂ ಕೊಚ್ಚಿಕೊಂಡೆ. ಮುಂದಿನ ತಿಂಗಳು ಓನರಮ್ಮ ನಮ್ಮ ಕಾರ್ಖಾನೆಯಿಂದಲೇ ಒಂದು ಸಣ್ಣ ತಿಜೋರಿ ತರಿಸಿದರು. ಅದರ ಬೀಗ ಕೂರಿಸಿದ್ದು ನಾನೇ. ಟೆಂಪೋದಲ್ಲಿ ತಂದು ಅವರ ನಡುಮನೆಯ ಗೋಡೆಗೆ ಸೇರಿಸಿ ನಿಲ್ಲಿಸಿದ್ದೂ ನಾನೇ.

ಎರಡು ವರ್ಷ ಕಳೆಯಿತು. ಓನರಮ್ಮನ ಮಗನಿಗೆ ನೆಲಮಂಗಲದ ಆಚೆ ಹೆಣ್ಣು ಗೊತ್ತಾಯಿತು. ಮನೆದೇವರ ಮುಂದೆ ಪೂಜೆ ಮಾಡಿಸಿದ ತಾಳಿಯನ್ನು ಒಂದು ಸಣ್ಣ ಪೆಟ್ಟಿಗೆಯಲ್ಲಿಟ್ಟು ಓನರಮ್ಮ ಅದೇ ತಿಜೋರಿಯಲ್ಲಿ ಭದ್ರ ಮಾಡಿದ್ದರು. ಮದುವೆಯ ಹಿಂದಿನ ದಿನ ಮಧ್ಯಾಹ್ನ ಎರಡು ಗಂಟೆಗೆ ಮೆಟಡೋರ್ ಹೊರಡಬೇಕು, ಸಂಜೆ ಹೆಣ್ಣಿನ ಊರಲ್ಲಿ ಆರತಕ್ಷತೆ, ಬೆಳಗ್ಗೆ ಧಾರೆ. ನಾನು ರಜೆ ಹಾಕಿ ಚಪ್ಪರಕ್ಕೆ ಮಾವಿನ ಸೊಪ್ಪು ಕಟ್ಟುತ್ತಿದ್ದೆ. ಹತ್ತು ಗಂಟೆಗೆ ಮಗ ಓಡಿಬಂದ. ತಿಜೋರಿಯ ಬೀಗದ ಕೈ ತಿರುಗುತ್ತಿಲ್ಲ.

ನಾನು ನಗುತ್ತಲೇ ಒಳಗೆ ಹೋದೆ. ಬೀಗದ ಕೈ ಒಳಗೆ ಹೋಗುತ್ತದೆ, ಕಾಲು ಸುತ್ತು ಬರುತ್ತದೆ, ಅಲ್ಲಿ ನಿಲ್ಲುತ್ತದೆ. ಇನ್ನೂ ಒತ್ತಿದರೆ ಒಳಗೇ ಮುರಿಯುತ್ತದೆ ಎಂದು ಕೈಗೆ ತಿಳಿಯಿತು. ನಗು ನಿಂತಿತು.

ನಡುಮನೆ ತುಂಬ ನೆಂಟರು. ಒಬ್ಬರು ಗ್ಯಾಸ್ ಹಚ್ಚಿ ಕೊಯ್ಯಿರಿ ಅಂದರು. ಕೊಯ್ದರೆ ಒಳಗಿರುವುದು ಸುಟ್ಟುಹೋಗುತ್ತದೆ. ಡ್ರಿಲ್ ಹಾಕಿದರೆ ನಾಳೆಯವರೆಗೂ ಬೇಕು, ಅಷ್ಟು ಗಟ್ಟಿಯಾಗಿ ನಾವೇ ಮಾಡಿದ್ದೆವು. ಓನರಮ್ಮನ ಭಾವ ಗಂಭೀರವಾಗಿ, "ಕಿವಿ ಇಟ್ಟು ತಗೀತಾರಲ್ಲಪ್ಪ ಸಿನಿಮಾದಾಗೆ, ಅಂಗ್ ಮಾಡು," ಅಂದರು. ಹೊಸ ತಾಳಿ ಕೊಂಡು ತಂದರಾಯಿತು ಎಂದು ಯಾರೋ ಅಂದಿದ್ದಕ್ಕೆ ಓರಗಿತ್ತಿ ತಿರುಗಿಬಿದ್ದರು.

"ಪೂಜೆ ಮಾಡ್ಸಿದ್ ತಾಳಿ ಕತ್ಲೇಲಿ ಬಿಟ್ಟು ಬೇರೆ ತಾಳಿ ಕಟ್ತಾರಾ? ನಮ್ಮನೇಲಿ ಇಡಿ ಅಂತ ಬಡ್ಕೊಂಡೆ. ಒಳಗಿಟ್ಟ ಕೈ ಎಂಥದ್ದು ಅಂತ ನೋಡ್ಬೇಕಲ್ವಾ."

ಗಂಡನಿಲ್ಲದವಳ ಕೈ ಅಂತ ಬಿಡಿಸಿ ಹೇಳಲಿಲ್ಲ, ಹೇಳುವ ಅಗತ್ಯವೂ ಇರಲಿಲ್ಲ. ಓನರಮ್ಮ ಅಡಿಗೆಮನೆಯ ಬಾಗಿಲಿಗೆ ಒರಗಿ ನಿಂತಿದ್ದರು. ಮುಖದಲ್ಲಿ ರಕ್ತವಿರಲಿಲ್ಲ. ಎರಡು ಗಂಟೆಯೊಳಗೆ ತಾಳಿ ಹೊರಗೆ ಬರದಿದ್ದರೆ ಹೆಣ್ಣಿನ ಕಡೆಗೆ ಹೇಳಿಕಳಿಸಬೇಕಾಗುತ್ತದೆ, ಹೇಳಿಕಳಿಸುವವರು ಈ ಮಾತನ್ನೂ ಸೇರಿಸಿಯೇ ಹೇಳುತ್ತಾರೆ, ಆಮೇಲೆ ಮಗನ ಮದುವೆಯ ಗತಿ ಏನು, ಆ ಅಮ್ಮನ ಗತಿ ಏನು ಎಂಬುದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು.

ನಾನು ಸೈಕಲ್ ಹತ್ತಿದೆ. ಚಿಕ್ಕಬಾಣಾವರದಿಂದ ಪೀಣ್ಯಕ್ಕೆ ಅಷ್ಟು ಬೇಗ ಯಾವತ್ತೂ ತುಳಿದಿರಲಿಲ್ಲ. ಮೇಸ್ತ್ರಿ ಹತಾರದ ಚೀಲ ಹೆಗಲಿಗೆ ಹಾಕಿಕೊಂಡು ಕ್ಯಾರಿಯರ್ ಮೇಲೆ ಕೂತರು. ದಾರಿಯುದ್ದಕ್ಕೂ ನಾನು ನನ್ನದೇ ಬೀಗ ಸೋಲಲಿ ಎಂದು ದೇವರನ್ನು ಬೇಡಿಕೊಂಡೆ. ಜನ್ಮದಲ್ಲಿ ಮೊದಲ ಸಲ ಕಳ್ಳರ ಪಕ್ಷ ಸೇರಿದ್ದೆ.

ಮೇಸ್ತ್ರಿ ತಿಜೋರಿಯ ಮುಂದೆ ಚಕ್ಕಂಬಕ್ಕಲ ಹಾಕಿ ಕೂತು, ಬೀಗದ ಬಾಯಿಗೆ ಸೀಮೆಎಣ್ಣೆ ಬಿಟ್ಟು ಅರ್ಧ ಗಂಟೆ ಸುಮ್ಮನೆ ಕಾದರು. ಆಮೇಲೆ ತುದಿ ಬಗ್ಗಿಸಿದ ಸಣ್ಣ ತಂತಿಯನ್ನು ಒಳಗೆ ಬಿಟ್ಟು ಎಳೆದರು. ತಂತಿಯ ತುದಿಗೆ ಕೆಂಪಗೆ ಏನೋ ಗಟ್ಟಿ ಅಂಟಿಕೊಂಡು ಬಂತು. ಮೂಸಿ ನೋಡಿದರು. ನನ್ನ ಕಡೆ ಒಂದು ಸಲ ನೋಡಿದರು, ಬಟ್ಟೆಗೆ ಒರೆಸಿದರು, ಮತ್ತೆ ತಂತಿ ಬಿಟ್ಟರು.

ಅರಿಶಿನ, ಕುಂಕುಮ, ತುಪ್ಪ. ಅದು ಅಲ್ಲಿಗೆ ಹೇಗೆ ಹೋಯಿತು ಎಂದು ನನಗೆ ಗೊತ್ತಿತ್ತು.

ನಮ್ಮ ಕಾರ್ಖಾನೆಯಲ್ಲಿ ಒಂದು ಪದ್ಧತಿ. ತಿಜೋರಿ ಲಾರಿ ಹತ್ತುವ ಮುಂಚೆ ತೆಂಗಿನಕಾಯಿ ಒಡೆದು ಬೀಗದ ಬಾಯಿಗೆ ಒಂದು ಬೊಟ್ಟು ಇಡುತ್ತಿದ್ದೆವು. ಒಂದೇ ಬೊಟ್ಟು, ಒಂದೇ ಸಲ, ಅದರಿಂದ ಏನೂ ಆಗುತ್ತಿರಲಿಲ್ಲ. ತಿಜೋರಿ ನಿಲ್ಲಿಸಿದ ದಿನ ಓನರಮ್ಮನ ಮನೆಯಲ್ಲೂ ನಾನು ಹಾಗೇ ಬೊಟ್ಟಿಟ್ಟೆ. ಆಗ ಅವರು ಮೆಲ್ಲಗೆ, "ನಾನೂ ಇಡಬೋದೇನಪ್ಪ? ನಮ್ಮೋರು ಒಪ್ಪಾಕಿಲ್ಲ," ಎಂದು ಕೇಳಿದ್ದರು. "ತಿಜೋರಿ ಮಾಡಿದೋನು ನಾನು ಹೇಳ್ತೀನಿ, ಪ್ರತಿ ಶುಕ್ರವಾರ ನೀವೇ ಹಚ್ಚಿ. ಬೀಗದ ಬಾಯಿಗೇ ಹಚ್ಚಿ, ಲಕ್ಷ್ಮಿ ಅಲ್ಲೇ ಕೂರೋದು," ಅಂದಿದ್ದೆ. ಬೀಗದೊಳಗೆ ಒಂದು ಕಾಳು ಮರಳು ಹೋಗಬಾರದು ಎಂದು ಹೊಸಬರಿಗೆ ಬೈದು ಕಲಿಸುತ್ತಿದ್ದವನು ಆಡಿದ ಮಾತು ಅದು. ಅವರು ಎರಡು ವರ್ಷ ಒಂದು ಶುಕ್ರವಾರವನ್ನೂ ಬಿಟ್ಟಿರಲಿಲ್ಲ. ಮದುವೆಯ ವಾರ ಅಂತ ಈ ಸಲ ತುಪ್ಪದಲ್ಲಿ ಕಲೆಸಿ ಧಾರಾಳವಾಗಿಯೇ ಬಳಿದಿದ್ದರು.

ಹನ್ನೆರಡೂವರೆಯ ಸುಮಾರಿಗೆ ಮೇಸ್ತ್ರಿ ಬೀಗದ ಕೈ ಹಾಕಿದರು. ಅರ್ಧ ಸುತ್ತು ಬಂತು, ಹಿಂದಕ್ಕೆ ತಂದರು, ಮತ್ತೆ ಸೀಮೆಎಣ್ಣೆ ಬಿಟ್ಟರು. ಮೂರನೆಯ ಸಲ ಪೂರ್ತಿ ತಿರುಗಿತು. ಬಾಗಿಲು ತೆರೆದಾಗ ನೆಂಟರೆಲ್ಲ ಒಟ್ಟಿಗೆ ಉಸಿರು ಬಿಟ್ಟರು. ಮಗ ನನ್ನ ಭುಜ ಹಿಡಿದುಕೊಂಡ.

"ತುಕ್ಕು ಹಿಡ್ದಿತ್ತು, ಅಷ್ಟೇ," ಅಂದರು ಮೇಸ್ತ್ರಿ, ಕೆಂಪಾದ ಬಟ್ಟೆಯನ್ನು ಮಡಿಸಿ ಜೇಬಿಗೆ ಹಾಕಿಕೊಳ್ಳುತ್ತ. ಅದನ್ನು ಹಚ್ಚಲು ಹೇಳಿದವನು ನಾನೇ ಎಂದು ನನ್ನ ಮುಖದಲ್ಲೇ ಓದಿಕೊಂಡು, ನನ್ನ ಮಾನ ಉಳಿಸಲಿಕ್ಕೆ ಹಾಗೆ ಹೇಳಿದ್ದು.

ಓರಗಿತ್ತಿ ಮುಂದೆ ಬಂದರು. "ಎರಡೇ ವರ್ಷಕ್ಕೆ ತುಕ್ಕು ಯಾಕ್ ಹಿಡೀತು ಅಂತ ನಮ್ಗೂ ಗೊತ್ತು. ನೀನ್ ದೂರ ಇರವ್ವ, ಪೆಟ್ಗೆ ನಾನ್ ತಗೋತೀನಿ."

ಓನರಮ್ಮ ಅಡಿಗೆಮನೆಯ ಬಾಗಿಲಿನಿಂದ ಒಂದು ಹೆಜ್ಜೆ ಹಿಂದಕ್ಕೆ ಸರಿದರು. ಅದನ್ನು ನೋಡಿದ ಮೇಲೆ ನನಗೆ ಸುಮ್ಮನಿರಲು ಆಗಲಿಲ್ಲ. ಮೇಸ್ತ್ರಿಯ ಜೇಬಿನಿಂದ ಬಟ್ಟೆ ಎಳೆದು ಎಲ್ಲರ ಮುಂದೆ ಬಿಡಿಸಿದೆ.

"ತುಕ್ಕಲ್ಲ. ಇದು ಕುಂಕುಮ, ತುಪ್ಪ. ಬೀಗದ ಬಾಯಿಗೆ ಹಚ್ಚಿ ಅಂತ ಹೇಳ್ಕೊಟ್ಟೋನು ನಾನು. ಯಾರ ಕೈಯಲ್ಲಿ ಹಚ್ಚಿದ್ರೂ, ನೀವೇ ಹಚ್ಚಿದ್ರೂ, ಬೀಗ ಇಂಗೇ ಹಿಡ್ಕೊಳ್ಳೋದು. ಅಮ್ಮನ್ ಕೈ ಏನೂ ಮಾಡ್ಲಿಲ್ಲ. ಫಿಟ್ಟರ್ ಆಗಿ ಗೊತ್ತಿರ್ಬೇಕಾದ್ದು ನನ್ಗೆ ಗೊತ್ತಾಗ್ಲಿಲ್ಲ."

ಮೇಸ್ತ್ರಿ ತಲೆ ಕೆರೆದುಕೊಂಡು, "ಹೌದು, ಇವ್ನದೇ ತಪ್ಪು," ಎಂದು ಸಾಕ್ಷಿ ಹೇಳಿದರು. ಯಾರೋ ನಕ್ಕರು. ನನ್ನ ಕಿವಿ ಬಿಸಿಯಾಯಿತು, ಆದರೆ ಒಳಗೆ ಹಗುರವಾಯಿತು.

ಓನರಮ್ಮ ಆ ಬಟ್ಟೆಯನ್ನೇ ನೋಡುತ್ತ ನಿಂತರು. ಆಮೇಲೆ ಹೊಸ್ತಿಲು ದಾಟಿ, ನೆಂಟರ ನಡುವೆ ನಡೆದು, ನನ್ನ ಹತ್ತಿರ ಬಂದರು.

"ಸರಿ ಕಣಪ್ಪ, ತಪ್ಪು ನಿಂದೇ," ಅಂದರು. "ಈಗ ಸ್ವಲ್ಪ ಪಕ್ಕಕ್ ಬಾ."

ಸೆರಗಿಗೆ ಕೈ ಒರೆಸಿಕೊಂಡು, ಮಂಡಿಯೂರಿ, ತಿಜೋರಿಯೊಳಗೆ ಕೈ ಹಾಕಿ, ಪೆಟ್ಟಿಗೆಯನ್ನು ಅವರೇ ತೆಗೆದುಕೊಂಡರು. ಓರಗಿತ್ತಿ ಬಾಯಿ ತೆರೆದರು, ಭಾವ ಅವರ ಕಡೆ ನೋಡಿದ ಮೇಲೆ ಮುಚ್ಚಿಕೊಂಡರು. ಎರಡು ಗಂಟೆಗೆ ಮೆಟಡೋರ್ ಹೊರಟಿತು. ಓನರಮ್ಮ ಮುಂದಿನ ಸೀಟಿನಲ್ಲಿ, ಮಗನ ಪಕ್ಕ, ಪೆಟ್ಟಿಗೆ ಮಡಿಲಲ್ಲಿಟ್ಟುಕೊಂಡು ಕೂತಿದ್ದರು.