ಜಗಲಿಯ ಮೇಲಿನ ಶಿಕ್ಕಾ

ಬೈಲಹೊಂಗಲದಲ್ಲಿ ವಕೀಲಿ ಮಾಡಿ ನನ್ನ ತಲೆಗೂದಲು ಉದುರಿತು. ಅದರಲ್ಲಿ ಅರ್ಧದ ಹೊಣೆ ನೇಸರಗಿಯ ಹಣಮಂತಪ್ಪನವರದು.

ಅವರು ಒಂದು ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಮೂವತ್ತನಾಲ್ಕು ವರ್ಷ ಸಿಪಾಯಿ, ಅಂದರೆ ಜವಾನರಾಗಿದ್ದರು. ಪುಸ್ತಕ ಮರಳಿಸಿದವರ ಕಾಗದಕ್ಕೆ ‘ಬಾಕಿ ಇಲ್ಲ’ ಎಂಬ ಮೊಹರಿನ ಶಿಕ್ಕಾ ಹೊಡೆಯುವುದು ಅವರ ಕೆಲಸ. ಮರಳಿಸದ ಒಂದು ನಿಘಂಟಿಗಾಗಿ ಪ್ರೊಫೆಸರೊಬ್ಬರನ್ನು ಹನ್ನೊಂದು ದಿನ ಅಲೆಸಿದ ಕತೆಯನ್ನು ನನಗೇ ಆರು ಸಲ ಹೇಳಿದ್ದಾರೆ.

2006ರ ಮೇ ತಿಂಗಳಲ್ಲಿ ನಿವೃತ್ತರಾದರು. ಶಾಲು, ಹಾರ, ಎರಡು ಲಾಡು ಸಿಕ್ಕವು. ಪಿಂಚಣಿ, ಗ್ರಾಚ್ಯುಟಿ ಸಿಗಲಿಲ್ಲ. ಹೆಂಡತಿ ಲಗಮವ್ವನ ಎರಡೂ ಕಣ್ಣಿಗೆ ಪೊರೆ ಬಂದಿತ್ತು. ಆ ಹಣದಲ್ಲೇ ಆಪರೇಷನ್ ಆಗಬೇಕಿತ್ತು. ಅಷ್ಟರಲ್ಲಿ ಆಕೆ ಚಹಾಕ್ಕೆ ಉಪ್ಪು ಹಾಕುವುದೂ, ಇವರು ಸುಮ್ಮನೆ ಕುಡಿಯುವುದೂ ರೂಢಿಯಾಗಿಹೋಗಿತ್ತು.

2008ರಲ್ಲಿ ಧಾರವಾಡಕ್ಕೆ ಹೈಕೋರ್ಟ್ ಪೀಠ ಬಂದ ಮೇಲೆ ಹಣಮಂತಪ್ಪ ನನ್ನ ಬಳಿ ಬಂದರು. ಮೊದಲು ಕುಲಸಚಿವರಿಗೆ ಮನವಿ ಬರೆದೆ. ಉತ್ತರವಿಲ್ಲ. ನೋಟಿಸು ಕಳಿಸಿದೆ. ಮುಟ್ಟಿದ್ದಕ್ಕೆ ಅಂಚೆಯ ಚೀಟಿ ಮಾತ್ರ ಬಂತು. ಕೊನೆಗೆ, ಬಾಕಿಯನ್ನೂ ತಡಮಾಡಿದ್ದಕ್ಕೆ ಬಡ್ಡಿಯನ್ನೂ ಕೊಡಿಸಬೇಕೆಂದು ರಿಟ್ ಅರ್ಜಿ ಹಾಕಿದೆ.

ವಿಶ್ವವಿದ್ಯಾಲಯದ ತಕರಾರು ಓದಿ ನಗು ಬಂತು. ಅರ್ಜಿದಾರರ ಪಿಂಚಣಿ ಕಾಗದಕ್ಕೆ ಗ್ರಂಥಾಲಯದ ‘ಬಾಕಿ ಇಲ್ಲ’ ಶಿಕ್ಕಾ ಬಿದ್ದಿಲ್ಲವಂತೆ. ಏಕೆಂದರೆ ಆ ಶಿಕ್ಕಾವೇ ಕಾಣೆಯಾಗಿದೆಯಂತೆ. ಎಂದಿನಿಂದ? 31-5-2006ರಿಂದ. ಅಲ್ಲಿಗೆ ನನ್ನ ನಗು ನಿಂತಿತು. ಅದು ಹಣಮಂತಪ್ಪನವರ ಬೀಳ್ಕೊಡುಗೆಯ ದಿನ.

ಮುಂದಿನ ಬಸ್ಸಿಗೇ ನೇಸರಗಿಗೆ ಹೋದೆ. ದೇವರ ಜಗಲಿಯ ಮೇಲೆ, ಯಲ್ಲಮ್ಮನ ಪಕ್ಕದಲ್ಲಿ, ಎಣ್ಣೆ-ಕುಂಕುಮ ಮೆತ್ತಿಕೊಂಡು ಕಟ್ಟಿಗೆ ಹಿಡಿಯ ಶಿಕ್ಕಾ ಕೂತಿತ್ತು. ಮೇಲೊಂದು ದಾಸವಾಳ.

“ಸಾಹೇಬ್ರು ಶಾಲಿನ ಜೋಡಿ ಕೊಟ್ಟ ದೇವ್ರಂತ ತಿಳಕೊಂಡೇನ್ರಿ,” ಎಂದಳು ಲಗಮವ್ವ.

“ನೀವು ನೋಡಿಲ್ಲೇನ್ರಿ ಹಣಮಂತಪ್ಪಾರ?”

“ನೋಡೇನ್ರಿ. ನಾನ ಚೀಲದಾಗ ಹಾಕ್ಕೊಂಡು ಬಂದಿದ್ನಿ. ನಾ ರಿಟೈರ್ ಆದ ಮ್ಯಾಲೆ ಅದೂ ರಿಟೈರ್ ಆತು ಅನ್ಕೊಂಡೆ. ಹೊಸದು ಮಾಡ್ಸಿರ್ತಾರಲ್ರಿ.”

ಸಿಟ್ಟು ನೆತ್ತಿಗೇರಿತು. ತಡ ಇವರದೇ ತಪ್ಪಿನಿಂದ ಎಂದಾದರೆ ಬಡ್ಡಿ ಹೋಯಿತು. ಕಳವು ಎಂದುಬಿಟ್ಟರೆ ಗ್ರಾಚ್ಯುಟಿಗೂ ಸಂಚಕಾರ. ಲಗಮವ್ವನ ಕಣ್ಣು ಹಾಗೇ ಉಳಿಯುತ್ತಿತ್ತು.

“ಎರಡು ವರ್ಷ ಶಿಕ್ಕಾ ಮನ್ಯಾಗ ಇತ್ತಲ್ರಿ, ನಿಮ್ಮ ಕಾಗದಕ್ಕ ನೀವ ಹೊಡ್ಕೊಂಡಿದ್ರ ಮುಗೀತಿತ್ತು,” ಎಂದು ರೇಗಿದೆ.

ಅವರು ನನ್ನನ್ನೇ ಕಳ್ಳನನ್ನು ನೋಡಿದ ಹಾಗೆ ನೋಡಿದರು. “ನನ್ನ ಬಾಕಿ ಇಲ್ಲಂತ ನಾನ ಹೆಂಗ್ರಿ ಹೊಡ್ಕೊಳ್ಳಿ? ಮಂದಿ ಹೇಳ್ಬೇಕು.”

ನನಗೆ ನಾಚಿಕೆಯಾಯಿತು.

ಕೋರ್ಟಿನಲ್ಲಿ ಎಲ್ಲವನ್ನೂ ಇದ್ದಂತೆ ಹೇಳಿದೆ. ನ್ಯಾಯಮೂರ್ತಿಗಳು ಕನ್ನಡಕ ತೆಗೆದು ಎರಡು ಸಲ ಕಣ್ಣೊರೆಸಿಕೊಂಡರು. ಹೊಸ ಶಿಕ್ಕಾ ಮಾಡಿಸಲು ಒಂದು ದಿನ ಸಾಕಿತ್ತು, ಇವರಿಗೊಂದು ಪತ್ರ ಬರೆದಿದ್ದರೆ ಅದೂ ಬೇಕಿರಲಿಲ್ಲ, ತಡ ವಿಶ್ವವಿದ್ಯಾಲಯದ್ದೇ ಎಂದರು. ಅರ್ಜಿದಾರರು ಶಿಕ್ಕಾ ಮರಳಿಸಲಿ, ಎಂಟು ವಾರದೊಳಗೆ ಬಡ್ಡಿ ಸಹಿತ ಎಲ್ಲವನ್ನೂ ಕೊಡಿ ಎಂದು ಆದೇಶವಾಯಿತು.

ಶಿಕ್ಕಾ ಕೊಡಲು ನಾನೂ ಜೊತೆಗೆ ಹೋದೆ. ಹಣಮಂತಪ್ಪ ರಸೀದಿ ಕೇಳಿದರು. ರಸೀದಿಗೆ ಶಿಕ್ಕಾ ಬೇಕು, ಮೊದಲು ಅದನ್ನು ಕೊಡಿ ಎಂದ ಗುಮಾಸ್ತ. ಅದರ ಮೇಲೆ ಅರ್ಧ ತಾಸು ಜಗಳವಾಯಿತು. ಕೊನೆಗೆ ಗುಮಾಸ್ತ ಇವರ ಕಾಗದದ ಎರಡು ಪ್ರತಿಗಳ ಮೇಲೂ ಶಿಕ್ಕಾ ಒತ್ತಿದ. ಮಸಿ ಒಣಗಿಹೋಗಿತ್ತು. ಆದರೂ ‘ಬಾಕಿ ಇಲ್ಲ’ ಕೆಂಪಗೆ ಮೂಡಿತು. ಸಾವಿರಾರು ಜನರಿಗೆ ಅದನ್ನು ಹೊಡೆದುಕೊಟ್ಟವರು ತಮ್ಮ ಹೆಸರಿನ ಕೆಳಗೆ ಅದನ್ನೇ ಓದಿ ಅತ್ತುಬಿಟ್ಟರು.

ಆಪರೇಷನ್ ಆದ ಮೇಲೆ ಅವರ ಮನೆಗೆ ಹೋಗಿದ್ದೆ. ಚಹಾಕ್ಕೆ ಸಕ್ಕರೆ ಬಿದ್ದಿತ್ತು. ಜಗಲಿಯ ಮೇಲೆ ಶಿಕ್ಕಾ ಇದ್ದ ಜಾಗದಲ್ಲಿ ಆ ಕಾಗದದ ಒಂದು ಪ್ರತಿಗೆ ಗಾಜಿನ ಕಟ್ಟು ಹಾಕಿಸಿ ಇಟ್ಟಿದ್ದರು. ಲಗಮವ್ವನಿಗೆ ಓದಲು ಬಾರದು. ಹತ್ತಿರ ಹೋಗಿ ಆ ಕೆಂಪು ಗುರುತನ್ನೇ ಬಹಳ ಹೊತ್ತು ನೋಡಿದಳು.

“ಏನ್ ಬರದಾರೋ ಗೊತ್ತಿಲ್ರಿ,” ಎಂದಳು. “ಕುಂಕುಮ ಮಾತ್ರ ನಂದ ಐತಿ.”